6.5 ಕೋಟಿ, 3.5 ಕೋಟಿ, 2 ಕೋಟಿ, ಸೊನ್ನೆ: ಮಾರ್ಕ್ ಗೇಹಿಯ ಬೆಲೆ ಕರಗಿದ್ದು ಹೇಗೆ?

ಇಂಗ್ಲೆಂಡ್ ತಂಡದ ಸೆಂಟರ್ ಬ್ಯಾಕ್ (ಗೋಲಿನ ಮುಂದೆ ನಡುವಿನಲ್ಲಿ ರಕ್ಷಣೆಗೆ ನಿಲ್ಲುವ ಆಟಗಾರ) ಮಾರ್ಕ್ ಗೇಹಿ 2026ರ ಜನವರಿ 19ರಂದು ಕ್ರಿಸ್ಟಲ್ ಪ್ಯಾಲೇಸ್ ಬಿಟ್ಟು ಮ್ಯಾಂಚೆಸ್ಟರ್ ಸಿಟಿ ಸೇರಿದರು. ವರದಿಯಾದ ಮೊತ್ತ 2 ಕೋಟಿ ಪೌಂಡ್. ಇದೇ ಆಟಗಾರನಿಗೆ ನಾಲ್ಕೂವರೆ ತಿಂಗಳ ಹಿಂದೆ ಲಿವರ್‌ಪೂಲ್ 3.5 ಕೋಟಿ ಪೌಂಡ್ ಕೊಡಲು ಮುಂದಾಗಿತ್ತು. ಕೊನೇ ಗಳಿಗೆಯಲ್ಲಿ ಪ್ಯಾಲೇಸ್ ಹಿಂದೆ ಸರಿಯಿತು. ಅದಕ್ಕೂ ಒಂದು ವರ್ಷ ಮೊದಲು, 2024ರ ಆಗಸ್ಟ್‌ನಲ್ಲಿ, ನ್ಯೂಕ್ಯಾಸಲ್ ಹಂತಹಂತವಾಗಿ 6.5 ಕೋಟಿ ಪೌಂಡ್‌ವರೆಗೆ ಏರಿದೆ ಎಂಬ ವರದಿಗಳಿದ್ದವು. ಆಗಲೂ ಪ್ಯಾಲೇಸ್ ಜಗ್ಗಲಿಲ್ಲ. ಇನ್ನೈದು ತಿಂಗಳು ಕಳೆದು 2026ರ ಜುಲೈ 1 ಬಂದಿದ್ದರೆ, ಪ್ಯಾಲೇಸ್‌ಗೆ ಬಿಡಿಗಾಸೂ ಕೊಡದೆ ಯಾವ ಕ್ಲಬ್ ಬೇಕಾದರೂ ಅವರನ್ನು ಸೇರಿಸಿಕೊಳ್ಳಬಹುದಿತ್ತು.

ಬೆಲೆ ಹೀಗೆ ಇಳಿಯುತ್ತಿದ್ದ ಕಾಲದಲ್ಲಿ ಆಟಗಾರ ಮಾತ್ರ ಏರುತ್ತಲೇ ಇದ್ದರು. 2024–25ರಲ್ಲಿ ಪ್ಯಾಲೇಸ್‌ನ ನಾಯಕರಾದರು. 2025ರ ಮೇ 17ರಂದು ವೆಂಬ್ಲಿಯಲ್ಲಿ ಇದೇ ಮ್ಯಾಂಚೆಸ್ಟರ್ ಸಿಟಿಯನ್ನು 1–0ರಿಂದ ಸೋಲಿಸಿ ಎಫ್‌ಎ ಕಪ್ ಗೆದ್ದರು. ಅದು ಆ ಕ್ಲಬ್‌ನ ಇತಿಹಾಸದಲ್ಲೇ ಮೊದಲ ದೊಡ್ಡ ಟ್ರೋಫಿ. ಆಗಸ್ಟ್‌ನಲ್ಲಿ ಲಿವರ್‌ಪೂಲನ್ನು ಮಣಿಸಿ ಕಮ್ಯುನಿಟಿ ಶೀಲ್ಡ್ ಕೂಡ ಬಂತು. ಆಟ ಸುಧಾರಿಸಿದರೂ ಬೆಲೆ ಮೂರನೇ ಒಂದು ಭಾಗಕ್ಕೆ ಇಳಿದದ್ದು ಹೇಗೆ? ಬೇಸಿಗೆಯಲ್ಲಿ ಬಿಟ್ಟಿ ಸಿಗುವವರಿಗೆ ಸಿಟಿ ಜನವರಿಯಲ್ಲಿ 2 ಕೋಟಿ ಕೊಟ್ಟಿದ್ದೇಕೆ? 3.5 ಕೋಟಿ ಬೇಡವೆಂದ ಪ್ಯಾಲೇಸ್ 2 ಕೋಟಿಗೆ ಒಪ್ಪಿದ್ದೇಕೆ? ಮೂರು ಪ್ರಶ್ನೆಗಳಿಗೂ ಉತ್ತರ ಕರಾರಿನ ಉಳಿದ ಅವಧಿಯಲ್ಲಿದೆ.

ಐಪಿಎಲ್ ಹರಾಜಿನ ಕಣ್ಣಿಂದ ನೋಡಿದರೆ ಇದು ಅರ್ಥವಾಗದು

ನಮ್ಮಲ್ಲಿ ಗೊಂದಲ ಹುಟ್ಟುವುದು ಇಲ್ಲಿಂದಲೇ. ಐಪಿಎಲ್ ಹರಾಜಿನಲ್ಲಿ ಕೂಗಿದ ಮೊತ್ತ ಆಟಗಾರನ ಸಂಬಳ. ಫುಟ್‌ಬಾಲ್‌ನ ವರ್ಗಾವಣೆ ಮೊತ್ತ ಆಟಗಾರನಿಗೆ ಸೇರುವುದಿಲ್ಲ. ಒಂದು ಕ್ಲಬ್ ಇನ್ನೊಂದು ಕ್ಲಬ್‌ಗೆ ಕೊಡುವ ಪರಿಹಾರ ಅದು: ‘ನಿಮ್ಮ ಜೊತೆಗಿನ ಕರಾರು ಮುಗಿಯುವ ಮೊದಲೇ ಇವರನ್ನು ಬಿಟ್ಟುಕೊಡಿ’ ಎಂಬುದಕ್ಕೆ ತೆರುವ ಬೆಲೆ. ಸಂಬಳ, ಬೋನಸ್, ಏಜೆಂಟರ ಕಮಿಷನ್ ಎಲ್ಲ ಅದಕ್ಕೆ ಹೊರತು.

ಹಾಗಾಗಿ ಮಾರಾಟವಾಗುವುದು ಆಟಗಾರನಲ್ಲ, ಕರಾರಿನಲ್ಲಿ ಉಳಿದ ದಿನಗಳು. ಮಲೆನಾಡಿನಲ್ಲಿ ಅಡಿಕೆ ತೋಟವನ್ನು ಚೇಣಿಗೆ ಕೊಡುವ ಪದ್ಧತಿ ಗೊತ್ತಿದ್ದವರಿಗೆ ಇದನ್ನು ಹೆಚ್ಚು ವಿವರಿಸಬೇಕಿಲ್ಲ. ಚೇಣಿ ಹಿಡಿದವರಿಗೆ ಮರದ ಮೇಲೆ ಹಕ್ಕಿಲ್ಲ. ಹಕ್ಕಿರುವುದು ಅವಧಿಯೊಳಗಿನ ಫಸಲಿನ ಮೇಲೆ ಮಾತ್ರ. ಐದು ವರ್ಷದ ಹಕ್ಕಿನಲ್ಲಿ ನಾಲ್ಕೂವರೆ ವರ್ಷ ಮುಗಿದಿದ್ದರೆ, ಮರ ಎಷ್ಟೇ ಸೊಂಪಾಗಿ ಬೆಳೆದಿರಲಿ, ಅದನ್ನು ಇನ್ನೊಬ್ಬರಿಗೆ ದಾಟಿಸುವವನ ಕೈಯಲ್ಲಿ ಉಳಿದಿರುವುದು ಅರ್ಧ ವರ್ಷವಷ್ಟೇ.

ಕೋಲ್ಕತ್ತದ ಫೈನಲ್‌ನಿಂದ ಪ್ಯಾಲೇಸ್‌ನ ತವರು ಸೆಲ್‌ಹರ್ಸ್ಟ್ ಪಾರ್ಕ್‌ಗೆ

ಗೇಹಿ ಹುಟ್ಟಿದ್ದು 2000ದ ಜುಲೈ 13ರಂದು, ಐವರಿ ಕೋಸ್ಟ್‌ನ ಅಬಿಜಾನ್‌ನಲ್ಲಿ. ಹಸುಳೆಯಾಗಿದ್ದಾಗಲೇ ಕುಟುಂಬ ಲಂಡನ್‌ಗೆ ಬಂತು. ಚೆಲ್ಸಿಯಾ ಅಕಾಡೆಮಿಯಲ್ಲಿ ಬೆಳೆದರು. ಭಾರತದ ಪ್ರೇಕ್ಷಕರು ಅವರನ್ನು ಕಣ್ಣಾರೆ ಕಂಡದ್ದೂ ಉಂಟು. 2017ರ ಅಕ್ಟೋಬರ್ 28ರಂದು ಕೋಲ್ಕತ್ತದ ಸಾಲ್ಟ್ ಲೇಕ್ ಕ್ರೀಡಾಂಗಣದಲ್ಲಿ ನಡೆದ 17 ವರ್ಷದೊಳಗಿನವರ ವಿಶ್ವಕಪ್ ಫೈನಲ್‌ನಲ್ಲಿ ಸ್ಪೇನ್ ಎದುರು 0–2ರಿಂದ ಹಿಂದಿದ್ದ ಇಂಗ್ಲೆಂಡ್ 5–2ರಿಂದ ಗೆದ್ದಿತು. ಆ ಐದರಲ್ಲಿ ಒಂದು ಗೋಲು ಗೇಹಿಯದು.

ಆ ತಂಡದ ಕೋಚ್ ಸ್ಟೀವ್ ಕೂಪರ್. ಇದು ಬರೀ ಕಾಕತಾಳೀಯವಾಗಿ ಉಳಿಯಲಿಲ್ಲ. ಇಂಗ್ಲೆಂಡ್‌ನ ದೊಡ್ಡ ಅಕಾಡೆಮಿಗಳಲ್ಲಿ ಬೆಳೆದ ಡಿಫೆಂಡರ್‌ಗಳಿಗೆ 19–20ರ ವಯಸ್ಸು ಎಲ್ಲಕ್ಕಿಂತ ಕಠಿಣ. ವಿಂಗರ್ ಆದರೆ ಕೊನೆಯ ಹದಿನೈದು ನಿಮಿಷಕ್ಕೆ ಇಳಿಸಿ ನೋಡಬಹುದು. ಸೆಂಟರ್ ಬ್ಯಾಕ್‌ನನ್ನು ಹಾಗೆ ಪರೀಕ್ಷಿಸಲು ಯಾವ ಕೋಚ್‌ಗೂ ಧೈರ್ಯವಿರುವುದಿಲ್ಲ, ಏಕೆಂದರೆ ಆ ಜಾಗದ ಒಂದು ತಪ್ಪು ನೇರವಾಗಿ ಗೋಲಾಗುತ್ತದೆ. ಅವಕಾಶವಿಲ್ಲದೆ ಅನುಭವವಿಲ್ಲ, ಅನುಭವವಿಲ್ಲದೆ ಅವಕಾಶವಿಲ್ಲ. ಈ ಗಂಟು ಬಿಡಿಸುವುದು ಎರಡನೇ ಹಂತದ ಚಾಂಪಿಯನ್‌ಶಿಪ್ ಲೀಗ್‌ನ ಎರವಲು ಕರಾರು. ಅಲ್ಲಿ ಒಂದು ಋತುವಿಗೆ 46 ಪಂದ್ಯ. ಎತ್ತರದ ಚೆಂಡುಗಳು, ದೈಹಿಕ ಗುದ್ದಾಟ, ಮೂರು ದಿನಕ್ಕೊಮ್ಮೆ ಆಟ. 2020ರ ಜನವರಿಯಲ್ಲಿ ಗೇಹಿ ಎರವಲಾಗಿ ಹೋಗಿದ್ದು ಸ್ವಾನ್ಸಿಗೆ, ಮತ್ತು ಆಗ ಅಲ್ಲಿದ್ದ ಕೋಚ್ ಇದೇ ಕೂಪರ್. ತನ್ನನ್ನು ಬಲ್ಲ ಕೋಚ್ ಸಿಕ್ಕಿದರೆ ಎರವಲು ಫಲಿಸುತ್ತದೆ. ಇಲ್ಲದಿದ್ದರೆ ಬೆಂಚಿನಲ್ಲೇ ವರ್ಷ ಕಳೆಯುತ್ತದೆ. 2020–21ರಲ್ಲಿ ಸ್ವಾನ್ಸಿ, ಅಗ್ರ ಹಂತದ ಪ್ರೀಮಿಯರ್ ಲೀಗ್‌ಗೆ ಬಡ್ತಿ ಕೊಡುವ ಪ್ಲೇಆಫ್ ಫೈನಲ್ ತಲುಪಿ ಬ್ರೆಂಟ್‌ಫರ್ಡ್‌ಗೆ ಸೋತಿತು.

2021ರ ಜುಲೈನಲ್ಲಿ ಪ್ಯಾಲೇಸ್ ಸುಮಾರು 1.8 ಕೋಟಿ ಪೌಂಡ್ ಕೊಟ್ಟು ಐದು ವರ್ಷದ ಕರಾರಿಗೆ ಸಹಿ ಹಾಕಿಸಿತು. ಕೊನೆಯ ದಿನ 2026ರ ಜೂನ್ 30. ಮುಂದಿನದೆಲ್ಲ ಈ ಒಂದು ತಾರೀಖಿನ ಸುತ್ತ ತಿರುಗುತ್ತದೆ. 2022ರ ಮಾರ್ಚ್‌ನಲ್ಲಿ ಇಂಗ್ಲೆಂಡ್ ಪರ ಮೊದಲ ಪಂದ್ಯ ಆಡಿದರು. 2024ರ ಯೂರೋ ಟೂರ್ನಿಯಲ್ಲಿ ಅಮಾನತಿನಿಂದ ತಪ್ಪಿದ ಕ್ವಾರ್ಟರ್ ಫೈನಲ್ ಒಂದನ್ನು ಬಿಟ್ಟು ಫೈನಲ್‌ವರೆಗೆ ಎಲ್ಲ ಪಂದ್ಯದಲ್ಲೂ ಮೊದಲ ಹನ್ನೊಂದರಲ್ಲಿದ್ದರು. ನ್ಯೂಕ್ಯಾಸಲ್ ಬಂದದ್ದು ಆ ಟೂರ್ನಿ ಮುಗಿದ ಮರುತಿಂಗಳು.

ಜನವರಿ 1ರ ಮಹತ್ವ

ಕರಾರು ಮುಗಿದ ಆಟಗಾರನನ್ನು ಹಣ ಕೊಡದೆ ಸೇರಿಸಿಕೊಳ್ಳುವ ಪದ್ಧತಿಯ ಹಿಂದೆ ಒಂದು ತೀರ್ಪಿದೆ. ಬೆಲ್ಜಿಯಂನ ಜಾನ್ ಮಾರ್ಕ್ ಬೊಸ್ಮನ್ ಎಂಬ ಆಟಗಾರನ ಕರಾರು ಮುಗಿದಿದ್ದರೂ ಆತನ ಕ್ಲಬ್ ಹಣ ಕೇಳಿ ಬಿಡುಗಡೆಗೆ ಅಡ್ಡಿ ಮಾಡಿತ್ತು. 1995ರ ಡಿಸೆಂಬರ್ 15ರಂದು ಯುರೋಪಿನ ನ್ಯಾಯಾಲಯ ಇದು ಕಾನೂನುಬಾಹಿರ ಎಂದಿತು. ಈಗ ಫಿಫಾ ನಿಯಮದಂತೆ, ಕರಾರಿನಲ್ಲಿ ಆರು ತಿಂಗಳು ಅಥವಾ ಅದಕ್ಕಿಂತ ಕಡಿಮೆ ಉಳಿದಾಗ ಆಟಗಾರ ಬೇರೆ ಕ್ಲಬ್ ಜೊತೆ ಮುಂಗಡ ಒಪ್ಪಂದ ಮಾಡಿಕೊಳ್ಳಬಹುದು. ಜೂನ್ 30ಕ್ಕೆ ಮುಗಿಯುವ ಕರಾರಿಗೆ ಆ ದಿನ ಜನವರಿ 1.

ಇಲ್ಲೊಂದು ಸೂಕ್ಷ್ಮವಿದೆ, ಗೇಹಿ ಪ್ರಕರಣದಲ್ಲಿ ನಿರ್ಣಾಯಕವಾದದ್ದೂ ಅದೇ. ಇಂಗ್ಲೆಂಡ್‌ನ ಒಂದು ಕ್ಲಬ್‌ನಲ್ಲಿರುವ ಆಟಗಾರನ ಜೊತೆ ಇಂಗ್ಲೆಂಡ್‌ನದೇ ಇನ್ನೊಂದು ಕ್ಲಬ್ ಜನವರಿಯಲ್ಲಿ ಹೀಗೆ ಒಪ್ಪಂದ ಮಾಡಿಕೊಳ್ಳುವಂತಿಲ್ಲ. ಈ ಬಾಗಿಲು ತೆರೆಯುವುದು ವಿದೇಶಿ ಕ್ಲಬ್‌ಗಳಿಗೆ ಮಾತ್ರ. ಅಂದರೆ ಜನವರಿ 1ರ ನಂತರ ಸ್ಪೇನ್, ಜರ್ಮನಿಯ ಕ್ಲಬ್‌ಗಳು ಗೇಹಿಯಿಂದ ನೇರವಾಗಿ ಸಹಿ ಪಡೆಯಬಹುದಿತ್ತು. ಸಿಟಿಯಾಗಲಿ ಲಿವರ್‌ಪೂಲಾಗಲಿ ಪ್ಯಾಲೇಸ್‌ನ ಒಪ್ಪಿಗೆಯಿಲ್ಲದೆ ಆಗ ಮಾತುಕತೆಗೂ ಕೂರುವಂತಿರಲಿಲ್ಲ.

ವಯಸ್ಸೂ ಮುಖ್ಯ. ಇಂಗ್ಲೆಂಡ್‌ನೊಳಗೆ 24 ತುಂಬದ ಆಟಗಾರ ಕರಾರು ಮುಗಿಸಿ ಬೇರೆ ಕ್ಲಬ್‌ಗೆ ಹೋದರೆ, ಹಳೆಯ ಕ್ಲಬ್ ಸರಿಯಾದ ಹೊಸ ಕರಾರನ್ನು ಮುಂದಿಟ್ಟಿದ್ದರೆ ಅದಕ್ಕೆ ಬೆಳೆಸಿದ ಪರಿಹಾರ ಸಿಗುತ್ತದೆ. ಕ್ಲಬ್‌ಗಳು ಒಪ್ಪದಿದ್ದರೆ ಸಮಿತಿ ಮೊತ್ತ ನಿರ್ಧರಿಸುತ್ತದೆ. 2015ರಲ್ಲಿ ಡ್ಯಾನಿ ಇಂಗ್ಸ್ ಬರ್ನ್ಲಿಯಿಂದ ಲಿವರ್‌ಪೂಲ್‌ಗೆ ಹೋದಾಗ ಹೀಗೆ 65 ಲಕ್ಷ ಪೌಂಡ್, ಮೇಲಿಷ್ಟು ಷರತ್ತಿನ ಹಣ ನಿಗದಿಯಾಗಿತ್ತು. ಗೇಹಿಗೆ 25 ದಾಟಿತ್ತು. ಪ್ಯಾಲೇಸ್‌ಗೆ ಆ ಆಸರೆಯೂ ಇರಲಿಲ್ಲ.

ಲೆಕ್ಕಪುಸ್ತಕದಲ್ಲಿ ಗೇಹಿ

ಕ್ಲಬ್‌ಗಳು ಆಟಗಾರನಿಗೆ ಕೊಟ್ಟ ಮೊತ್ತವನ್ನು ಒಂದೇ ವರ್ಷದ ಖರ್ಚಾಗಿ ಬರೆಯುವುದಿಲ್ಲ. ಕರಾರಿನ ಅವಧಿಗೆ ಹಂಚುತ್ತವೆ. 1.8 ಕೋಟಿಯನ್ನು ಐದು ವರ್ಷಕ್ಕೆ ಹಂಚಿದರೆ ವರ್ಷಕ್ಕೆ 36 ಲಕ್ಷ ಪೌಂಡ್, ತಿಂಗಳಿಗೆ 3 ಲಕ್ಷ. 2025ರ ಸೆಪ್ಟೆಂಬರ್ 1ಕ್ಕೆ ಹತ್ತು ತಿಂಗಳು ಬಾಕಿ ಇದ್ದದ್ದರಿಂದ ಪುಸ್ತಕದಲ್ಲಿ ಅವರ ಬೆಲೆ ಸುಮಾರು 30 ಲಕ್ಷ. ಅಂದು 3.5 ಕೋಟಿಗೆ ಮಾರಿದ್ದರೆ ಸುಮಾರು 3.2 ಕೋಟಿ ಲಾಭ ತೋರಿಸಬಹುದಿತ್ತು. ಜನವರಿ ನಡುವಿಗೆ ಪುಸ್ತಕದ ಬೆಲೆ 16 ಲಕ್ಷದ ಆಸುಪಾಸಿಗೆ ಇಳಿದಿತ್ತು. 2 ಕೋಟಿಗೆ ಮಾರಿದಾಗಲೂ 1.8 ಕೋಟಿಗಿಂತ ಹೆಚ್ಚೇ ಲಾಭ. ಷರತ್ತಿನ ಮೊತ್ತಗಳು, ಏಜೆಂಟರ ಕಮಿಷನ್ ಸೇರಿದರೆ ಅಂಕಿಗಳು ಸ್ವಲ್ಪ ಅತ್ತಿತ್ತ ಆಗುತ್ತವೆ. ಮಾರಾಟದಲ್ಲಿ ಚೆಲ್ಸಿಯಾಗೂ ಒಂದು ಪಾಲು ಕೊಡಬೇಕೆಂಬ ಷರತ್ತು ಕರಾರಿನಲ್ಲಿದೆ ಎಂದು ವರದಿಯಾಗಿತ್ತು, ಅದನ್ನೂ ಕಳೆಯಬೇಕು.

ಈ ಲಾಭದ ಸಾಲಿಗೆ ಇಷ್ಟು ಬೆಲೆ ಬರಲು ಕಾರಣ ಪ್ರೀಮಿಯರ್ ಲೀಗ್‌ನಲ್ಲಿ 2025–26ರವರೆಗಿನ ನಷ್ಟದ ಮಿತಿ. ಮೂರು ವರ್ಷಗಳಲ್ಲಿ ಒಟ್ಟು 10.5 ಕೋಟಿ ಪೌಂಡ್‌ಗಿಂತ ಹೆಚ್ಚು ನಷ್ಟ ತೋರಿಸಿದರೆ ಅಂಕ ಕಡಿತ. ಸ್ವಂತ ಅಕಾಡೆಮಿಯಲ್ಲಿ ಬೆಳೆದ ಆಟಗಾರನ ಬೆಲೆ ಪುಸ್ತಕದಲ್ಲಿ ಸೊನ್ನೆ ಇರುವುದರಿಂದ ಮಾರಿದ ಹಣವೆಲ್ಲ ಲಾಭ. ಚೆಲ್ಸಿಯಾ 2021ರಲ್ಲಿ ಗೇಹಿಯನ್ನು ಬಿಟ್ಟುಕೊಟ್ಟದ್ದು, ಲಿವರ್‌ಪೂಲ್ 2025ರಲ್ಲಿ ತಾನೇ ಬೆಳೆಸಿದ ಸೆಂಟರ್ ಬ್ಯಾಕ್ ಜರೆಲ್ ಕ್ವಾನ್ಸಾರನ್ನು ಲೆವರ್ಕೂಸನ್‌ಗೆ ಸುಮಾರು 3 ಕೋಟಿ ಪೌಂಡ್‌ಗೆ ಮಾರಿದ್ದು, ಎರಡರ ಹಿಂದೆಯೂ ಈ ಲೆಕ್ಕದ ಆಕರ್ಷಣೆ ಇತ್ತು. ಮನೆಯಲ್ಲಿ ಬೆಳೆದವರೇ ಮೊದಲು ಮಾರಾಟಕ್ಕೆ ಹೊರಡುವಂತೆ ಮಾಡಿದ ಈ ನಿಯಮ ಅಭಿಮಾನಿಗಳಿಗೆ ಮಾಡಿದ ಅನ್ಯಾಯ ಸಣ್ಣದಲ್ಲ.

ಕಾಯುವುದರಿಂದ ಬೆಲೆ ಏರುವುದೂ ಉಂಟು, ಆದರೆ ಆಗಲೂ ಕ್ಯಾಲೆಂಡರ್ ಬಿಡುವುದಿಲ್ಲ. 2023ರಲ್ಲಿ ನಾಟಿಂಗ್‌ಹ್ಯಾಮ್ ಫಾರೆಸ್ಟ್ ತನ್ನ ಫಾರ್ವರ್ಡ್ ಬ್ರೆನನ್ ಜಾನ್ಸನ್‌ರನ್ನು ಲೆಕ್ಕದ ವರ್ಷ ಮುಗಿಯುವ ಜೂನ್ 30ರೊಳಗೆ ಮಾರದೆ, ಹೆಚ್ಚು ಹಣಕ್ಕೆ ಕಾದು ಸೆಪ್ಟೆಂಬರ್ 1ರಂದು ಟಾಟನ್‌ಹ್ಯಾಮ್‌ಗೆ ಮಾರಿತು. ಹಣ ಹೆಚ್ಚೇ ಬಂತು. ಅದು ಮುಂದಿನ ವರ್ಷದ ಪುಸ್ತಕಕ್ಕೆ ಹೋಯಿತು, ಹಿಂದಿನ ವರ್ಷದ ನಷ್ಟ ಮಿತಿ ಮೀರಿತು, 4 ಅಂಕ ಕಡಿತವಾಯಿತು.

ಸೆಪ್ಟೆಂಬರ್ 1ರ ಸಂಜೆ ಏನಾಯಿತು?

ವಿಂಡೋ, ಅಂದರೆ ವರ್ಗಾವಣೆಗೆ ಅವಕಾಶವಿರುವ ಅವಧಿ, ಮುಚ್ಚುವ ದಿನದ ಒಂದು ವರ್ಗಾವಣೆ ಕನಿಷ್ಠ ನಾಲ್ಕು ಕಾಗದಗಳ ಮೇಲೆ ನಿಂತಿರುತ್ತದೆ: ಎರಡು ಕ್ಲಬ್‌ಗಳ ನಡುವಿನ ಒಪ್ಪಂದ, ಆಟಗಾರನ ಹೊಸ ಕರಾರು, ವೈದ್ಯಕೀಯ ವರದಿ, ಲೀಗ್‌ನ ನೋಂದಣಿ. ವೈದ್ಯಕೀಯ ತಪಾಸಣೆಗೇ ಹಲವು ಗಂಟೆ ಬೇಕು. ಹೃದಯದ ಇಸಿಜಿ ಮತ್ತು ಸ್ಕ್ಯಾನ್, ಮಂಡಿ, ಕಣಕಾಲು, ಸೊಂಟದ ಕೀಲುಗಳ ಎಂಆರ್‌ಐ, ತೊಡೆಯ ಸ್ನಾಯುಗಳ ಬಲಪರೀಕ್ಷೆ. ಡಿಫೆಂಡರ್‌ಗಳಲ್ಲಿ ಮಂಡಿ ಮತ್ತು ತೊಡೆಯ ಹಿಂಭಾಗವನ್ನು ವಿಶೇಷವಾಗಿ ನೋಡುತ್ತಾರೆ, ಏಕೆಂದರೆ ಹಿಂದಕ್ಕೆ ಓಡುತ್ತಲೇ ತಟ್ಟನೆ ತಿರುಗುವ ಆಟ ಅವರದು.

2025ರ ಬೇಸಿಗೆ ವಿಂಡೋ ಬ್ರಿಟನ್ ಸಮಯ ಸಂಜೆ 7ಕ್ಕೆ ಮುಚ್ಚಿತು. ಕಾಗದ ಮುಗಿಯದಿದ್ದರೂ ಒಪ್ಪಂದ ಆಗಿದೆ ಎಂದು ತೋರಿಸುವ ಡೀಲ್ ಶೀಟ್ ಅನ್ನು 7ರೊಳಗೆ ಸಲ್ಲಿಸಿದರೆ ಇನ್ನೆರಡು ಗಂಟೆ ಹೆಚ್ಚುವರಿ ಸಿಗುತ್ತದೆ. ಗೇಹಿಯ ಡೀಲ್ ಶೀಟ್ ಕೂಡ ಹೋಗಿತ್ತು ಎಂದು ವರದಿಗಳು ಹೇಳಿದವು. ಲಿವರ್‌ಪೂಲ್ ಹಣಕ್ಕೆ ಒಪ್ಪಿತ್ತು, ಆಟಗಾರ ಒಪ್ಪಿದ್ದರು, ತಪಾಸಣೆ ನಡೆದಿತ್ತು. ಕೊಂಡಿ ಕಳಚಿದ್ದು ಬೇರೆಡೆ.

ಪ್ಯಾಲೇಸ್ ತನ್ನ ನಾಯಕನನ್ನು ಬಿಡಬೇಕಿದ್ದರೆ ಅದೇ ದಿನ ಬದಲಿ ಬೇಕಿತ್ತು. ಆ ಬದಲಿ ಬ್ರೈಟನ್‌ನ ಬ್ರೆಜಿಲ್ ಡಿಫೆಂಡರ್ ಈಗೋರ್ ಜೂಲಿಯೊ. ಅವರು ಕೊನೆಯಲ್ಲಿ ವೆಸ್ಟ್ ಹ್ಯಾಮ್ ಆರಿಸಿಕೊಂಡರು. ಅಂದು ಪ್ಯಾಲೇಸ್ ಕೈಗೆ ಸಿಕ್ಕ ಇನ್ನೊಬ್ಬ ಡಿಫೆಂಡರ್ ತೂಲೂಸ್‌ನ ಜೇಡೀ ಕಾನ್ವೊ, ವಯಸ್ಸು ಹತ್ತೊಂಬತ್ತು. ಆಗಿನ ಕೋಚ್ ಓಲಿವರ್ ಗ್ಲಾಸ್ನರ್ ಮೂವರು ಸೆಂಟರ್ ಬ್ಯಾಕ್‌ಗಳ ಪದ್ಧತಿ ಆಡಿಸುತ್ತಿದ್ದರು. ಅದರಲ್ಲಿ ಎಡಬದಿಯಿಂದ ಚೆಂಡನ್ನು ಮುಂದೆ ತರುವ ಹೊಣೆ ಬಲಗಾಲಿನ ಗೇಹಿಯದು. ಕೋಚ್ ಈ ಮಾರಾಟವನ್ನು ಬಲವಾಗಿ ವಿರೋಧಿಸಿದ್ದರು. ಹಿಂದಿನ ದಿನವಷ್ಟೇ ಆಸ್ಟನ್ ವಿಲ್ಲಾ ವಿರುದ್ಧದ 3–0 ಗೆಲುವಿನಲ್ಲಿ ಗೇಹಿ ಗೋಲನ್ನೂ ಹೊಡೆದಿದ್ದರು. ಜೊತೆಗೆ, ವಾರದ ಹಿಂದೆ ಎಬೆರೆಚಿ ಎಜೆಯನ್ನು ಆರ್ಸೆನಲ್‌ಗೆ 6 ಕೋಟಿ ಪೌಂಡ್ ಮೇಲ್ಪಟ್ಟ ಮೊತ್ತಕ್ಕೆ ಮಾರಿದ್ದರಿಂದ ಪ್ಯಾಲೇಸ್‌ಗೆ ಅಂದೇ ಹಣ ಬೇಕೆಂಬ ಒತ್ತಡವಿರಲಿಲ್ಲ. ಬೇಡ ಎನ್ನಲು ಕಾರಣವೂ ಇತ್ತು, ಶಕ್ತಿಯೂ ಇತ್ತು.

ಪ್ಯಾಲೇಸ್ ಎಡವಿದ್ದು ಯಾವಾಗ?

ಒಂದು ವಾದ ಹೀಗಿದೆ: ಸೆಪ್ಟೆಂಬರ್‌ನಲ್ಲಿ 3.5 ಕೋಟಿ ಕೈಬಿಟ್ಟು ಜನವರಿಯಲ್ಲಿ 2 ಕೋಟಿ ತೆಗೆದುಕೊಂಡದ್ದು ಶುದ್ಧ ನಷ್ಟ. 140 ದಿನಕ್ಕೆ 1.5 ಕೋಟಿ, ಅಂದರೆ ದಿನಕ್ಕೆ ಒಂದು ಲಕ್ಷ ಪೌಂಡ್‌ಗೂ ಹೆಚ್ಚು.

ಇದಕ್ಕೆ ಎದುರಾದ ವಾದ: ಅದು ನಷ್ಟವಲ್ಲ, ಖರ್ಚು. ಪ್ರೀಮಿಯರ್ ಲೀಗ್ ಪಟ್ಟಿಯ ಒಂದೊಂದು ಸ್ಥಾನಕ್ಕೆ ಸುಮಾರು 30 ಲಕ್ಷ ಪೌಂಡ್ ಬಹುಮಾನ ವ್ಯತ್ಯಾಸವಿದೆ. ನಾಯಕನಿಲ್ಲದೆ ತಂಡ ಐದು ಸ್ಥಾನ ಕುಸಿದರೆ ಅಲ್ಲಿಗೆ 1.5 ಕೋಟಿ ಹೋಯಿತು. ಮೇಲಾಗಿ ಪ್ಯಾಲೇಸ್ ಆ ಶರತ್ಕಾಲದಲ್ಲಿ ಯುರೋಪಿನ ಕಾನ್ಫರೆನ್ಸ್ ಲೀಗ್ ಆಡಬೇಕಿತ್ತು. ಕಪ್ ಗೆದ್ದು ಗಳಿಸಿದ ಯುರೋಪಾ ಲೀಗ್ ಸ್ಥಾನವನ್ನು ಮಾಲೀಕತ್ವದ ನಿಯಮದ ಕಾರಣಕ್ಕೆ ಯುರೋಪಿನ ಫುಟ್‌ಬಾಲ್ ಆಡಳಿತ ಸಂಸ್ಥೆ ಯುಇಎಫ್‌ಎ ಕಸಿದು ಕೆಳಗಿನ ಟೂರ್ನಿಗೆ ಇಳಿಸಿತ್ತು. ಆ ನೋವಿನ ಬೆನ್ನಿಗೇ ನಾಯಕನನ್ನೂ ಮಾರಿದ್ದರೆ ಡ್ರೆಸಿಂಗ್ ರೂಮಿನಲ್ಲಿ ಏನು ಉಳಿಯುತ್ತಿತ್ತು?

ಎರಡನೇ ವಾದದಲ್ಲಿ ಹೆಚ್ಚು ಹುರುಳಿದೆ. ಸೆಪ್ಟೆಂಬರ್ 1ರ ನಿರ್ಧಾರ ದುಬಾರಿ, ಆದರೆ ಅಂದಿನ ಪರಿಸ್ಥಿತಿಯಲ್ಲಿ ಸಮರ್ಥನೀಯ. ನಿಜವಾದ ತಪ್ಪು ಅದಕ್ಕಿಂತ ಒಂದು ವರ್ಷ ಹಿಂದಿನದು. 2024ರ ಆಗಸ್ಟ್‌ನಲ್ಲಿ ಕರಾರಿನಲ್ಲಿ ಎರಡು ವರ್ಷಕ್ಕೆ ಸ್ವಲ್ಪ ಕಡಿಮೆ ಉಳಿದಿತ್ತು. ಆ ಹಂತದಲ್ಲಿ ಕ್ಲಬ್‌ಗೆ ಎರಡೇ ದಾರಿ: ಹೊಸ ಕರಾರಿಗೆ ಸಹಿ ಹಾಕಿಸುವುದು ಅಥವಾ ಮಾರುವುದು. ಬಿಡುಗಡೆಗೆ ನಿಗದಿತ ಮೊತ್ತವೊಂದನ್ನು ಬರೆದುಕೊಟ್ಟು ಅವಧಿ ಹೆಚ್ಚಿಸಿಕೊಳ್ಳುವುದು ಇವೆರಡರ ನಡುವಿನ ರಾಜಿ. ಮಧ್ಯಮ ಕ್ಲಬ್‌ಗಳು ಬಳಸುವ ದಾರಿ ಅದು. ಪ್ಯಾಲೇಸ್ ಸಹಿಯನ್ನೂ ಪಡೆಯಲಿಲ್ಲ, 6.5 ಕೋಟಿಯನ್ನೂ ಪಡೆಯಲಿಲ್ಲ. ಅಲ್ಲಿಂದ ಮುಂದೆ ಪ್ರತಿ ತಿಂಗಳೂ ಆಟಗಾರನ ಬಲ ಹೆಚ್ಚುತ್ತ, ಕ್ಲಬ್‌ನ ಬಲ ಕುಗ್ಗುತ್ತ ಹೋಯಿತು. ಬದಲಿ ಆಟಗಾರನನ್ನು ಕೊನೆಯ ದಿನದವರೆಗೂ ಹುಡುಕುತ್ತ ಕುಳಿತದ್ದು ಎರಡನೇ ತಪ್ಪು. ಎಲ್ಲ ಮುಗಿಯಿತೆಂದು ನಂಬಿದ್ದ ಆಟಗಾರ ಮರುದಿನ ಅದೇ ಡ್ರೆಸಿಂಗ್ ರೂಮಿಗೆ ಮರಳಬೇಕಾಯಿತು. ಅವರು ಮುನಿಸು ತೋರದೆ ನಾಯಕತ್ವ ಮುಂದುವರಿಸಿದ್ದು ಅವರ ದೊಡ್ಡತನ. ಕ್ಲಬ್ ಅದನ್ನು ಎಣಿಸಿಕೊಂಡು ಯೋಜನೆ ಹಾಕುವಂತಿರಲಿಲ್ಲ.

ಅಕ್ಟೋಬರ್‌ನಲ್ಲಿ ಗ್ಲಾಸ್ನರ್ ಬಹಿರಂಗವಾಗಿಯೇ ಹೇಳಿದರು: ಗೇಹಿ ಹೊಸ ಕರಾರಿಗೆ ಸಹಿ ಹಾಕುವುದಿಲ್ಲ. ಜನವರಿ 10ರಂದು ಎಫ್‌ಎ ಕಪ್‌ನ ಹಾಲಿ ಚಾಂಪಿಯನ್ ಪ್ಯಾಲೇಸ್, ಆರನೇ ಹಂತದ ಮ್ಯಾಕಲ್ಸ್‌ಫೀಲ್ಡ್ ಎದುರು 1–2ರಿಂದ ಸೋತು ಹೊರಬಿತ್ತು. ಗೇಹಿಯನ್ನು ಇಟ್ಟುಕೊಳ್ಳಲು ಇದ್ದ ಒಂದು ಕಾರಣ ಅಲ್ಲಿಗೆ ತೀರಿತು. 2 ಕೋಟಿ ಅಥವಾ ಸೊನ್ನೆ ಎಂಬ ಆಯ್ಕೆಯಲ್ಲಿ ಉತ್ತರ ಸುಲಭ.

ಸಿಟಿ ಜುಲೈವರೆಗೆ ಕಾಯಲಿಲ್ಲ ಏಕೆ?

ಮೊದಲ ಕಾರಣ ಗಾಯ. ಜನವರಿ 4ರಂದು ಚೆಲ್ಸಿಯಾ ವಿರುದ್ಧದ ಒಂದೇ ಪಂದ್ಯದಲ್ಲಿ ಸಿಟಿಯ ಡಿಫೆಂಡರ್‌ಗಳಾದ ರೂಬೆನ್ ಡಿಯಾಸ್ ಮತ್ತು ಯೋಷ್ಕೊ ಗ್ವಾರ್ಡಿಯೊಲ್ ಇಬ್ಬರೂ ಗಾಯಗೊಂಡರು. ಜಾನ್ ಸ್ಟೋನ್ಸ್ ಆಗಲೇ ಹೊರಗಿದ್ದರು. ಎರವಲಿಗೆ ವಾಟ್‌ಫರ್ಡ್‌ಗೆ ಕೊಟ್ಟಿದ್ದ ಯುವ ಡಿಫೆಂಡರ್ ಮ್ಯಾಕ್ಸ್ ಅಲೈನ್‌ರನ್ನು ವಾಪಸ್ ಕರೆಸಿಕೊಂಡು, ಜನವರಿ 17ರಂದು ಇನ್ನೊಬ್ಬ ಡಿಫೆಂಡರ್ ಖುಸಾನೊವ್ ಜೊತೆಗೆ ಆಡಿಸಿದರು. ಅಂದು ಮ್ಯಾಂಚೆಸ್ಟರ್ ಡರ್ಬಿ, ಅಂದರೆ ಊರಿನ ಎದುರಾಳಿ ಮ್ಯಾಂಚೆಸ್ಟರ್ ಯುನೈಟೆಡ್ ವಿರುದ್ಧದ ಪಂದ್ಯ, 0–2ರಿಂದ ಕೈತಪ್ಪಿತು. ಪ್ರಶಸ್ತಿ ಪೈಪೋಟಿಯಲ್ಲಿರುವ ಕ್ಲಬ್‌ಗೆ ಐದು ತಿಂಗಳ ಸೆಂಟರ್ ಬ್ಯಾಕ್ ಎಂದರೆ ಅದಕ್ಕೇ ಒಂದು ಬೆಲೆ.

ಎರಡನೆಯದು ಮೇಲೆ ಹೇಳಿದ ಜನವರಿ 1ರ ಬಾಗಿಲು. ಕಾದಿದ್ದರೆ ವಿದೇಶಿ ಕ್ಲಬ್ ಯಾವ ದಿನ ಬೇಕಾದರೂ ಗೇಹಿಯಿಂದ ಸಹಿ ಪಡೆಯಬಹುದಿತ್ತು. ಅದು ತಪ್ಪಿದರೂ ಬೇಸಿಗೆಯಲ್ಲಿ ಲಿವರ್‌ಪೂಲ್ ಸೇರಿದಂತೆ ಎಲ್ಲರೂ ಸಾಲಿನಲ್ಲಿ ನಿಲ್ಲುತ್ತಿದ್ದರು. 2 ಕೋಟಿಯಲ್ಲಿ ದೊಡ್ಡ ಪಾಲು ಈ ಪೈಪೋಟಿ ತಪ್ಪಿಸಿಕೊಂಡದ್ದಕ್ಕೆ ಕೊಟ್ಟ ಬೆಲೆ.

ಮೂರನೆಯದನ್ನು ಹೆಚ್ಚಿನವರು ಮರೆಯುತ್ತಾರೆ: ‘ಫ್ರೀ’ ಎಂದರೆ ಬಿಟ್ಟಿಯಲ್ಲ. ವರ್ಗಾವಣೆ ಮೊತ್ತ ಉಳಿದಾಗ ಆಟಗಾರ ಮತ್ತು ಏಜೆಂಟ್ ಅದರಲ್ಲಿ ಒಂದು ಭಾಗವನ್ನು ಸಹಿ ಬೋನಸ್ ರೂಪದಲ್ಲಿ, ಹೆಚ್ಚಿನ ಸಂಬಳದ ರೂಪದಲ್ಲಿ ಕೇಳುತ್ತಾರೆ. ಹತ್ತು ಕ್ಲಬ್‌ಗಳು ಸಾಲಿನಲ್ಲಿದ್ದರೆ ಆ ಬೇಡಿಕೆ ಇನ್ನೂ ಏರುತ್ತದೆ. ಗೇಹಿಯ ಹೊಸ ಕರಾರು ಐದೂವರೆ ವರ್ಷದ್ದಾದರೂ ಮೊತ್ತವನ್ನು ಗರಿಷ್ಠ ಐದು ವರ್ಷಕ್ಕೆ ಹಂಚಲು ಮಾತ್ರ ಲೀಗ್ ಅವಕಾಶ ಕೊಡುತ್ತದೆ. ಆ ಲೆಕ್ಕದಲ್ಲಿ ಸಿಟಿಯ ಪುಸ್ತಕಕ್ಕೆ ಬೀಳುವ ಹೊರೆ ವರ್ಷಕ್ಕೆ ಸುಮಾರು 40 ಲಕ್ಷ. ಇಂಗ್ಲೆಂಡ್ ತಂಡದ ಕಾಯಂ ಡಿಫೆಂಡರ್‌ಗೆ ಇದು ಬಲು ಅಗ್ಗ.

‘ಸ್ಥಳೀಯ’ ಎಂಬ ಮುದ್ರೆಯೂ ಇದೆ. ಪ್ರೀಮಿಯರ್ ಲೀಗ್‌ನ 25 ಮಂದಿಯ ಪಟ್ಟಿಯಲ್ಲಿ ಹೊರಗೆ ಬೆಳೆದವರು 17ಕ್ಕಿಂತ ಹೆಚ್ಚು ಇರುವಂತಿಲ್ಲ. 21 ತುಂಬುವ ಮೊದಲು ಮೂರು ವರ್ಷ ಇಂಗ್ಲೆಂಡ್ ಅಥವಾ ವೇಲ್ಸ್ ಕ್ಲಬ್‌ನಲ್ಲಿ ನೋಂದಣಿಯಾಗಿದ್ದವರು ಸ್ಥಳೀಯರು. ಇಂಗ್ಲೆಂಡ್‌ನಲ್ಲಿ ಬೆಳೆದ ಡಿಫೆಂಡರ್‌ಗಳ ಬೆಲೆ ವಿದೇಶಿಯರಿಗಿಂತ ಹೆಚ್ಚಾಗಿ ಕಾಣುವುದಕ್ಕೆ ಇದೂ ಕಾರಣ.

ಆಟಗಾರನ ಕಡೆಯಿಂದ

ಕರಾರನ್ನು ಕೊನೆಯವರೆಗೆ ಓಡಿಸುವುದನ್ನು ದ್ರೋಹ ಎನ್ನುವವರಿದ್ದಾರೆ. ಲಿವರ್‌ಪೂಲ್‌ನವರೇ ಆದ ಟ್ರೆಂಟ್ ಅಲೆಕ್ಸಾಂಡರ್-ಆರ್ನಾಲ್ಡ್ ಆರನೇ ವಯಸ್ಸಿನಿಂದ ಅದೇ ಕ್ಲಬ್‌ನಲ್ಲಿದ್ದು, 354 ಪಂದ್ಯ ಆಡಿ, 2025ರಲ್ಲಿ ಕರಾರು ಮುಗಿಸಿ ರಿಯಲ್ ಮ್ಯಾಡ್ರಿಡ್‌ಗೆ ಹೋಗುವುದಾಗಿ ತಿಳಿದಾಗ ತವರಿನ ಪ್ರೇಕ್ಷಕರೇ ಆರ್ಸೆನಲ್ ಪಂದ್ಯದಲ್ಲಿ ಕೂಗಿ ಹೀಯಾಳಿಸಿದರು. ಕರಾರು ಜೂನ್ 30ರವರೆಗಿತ್ತು. ಕ್ಲಬ್ ವಿಶ್ವಕಪ್ ಜೂನ್ 14ಕ್ಕೇ ಶುರುವಾಗುತ್ತಿದ್ದರಿಂದ ಒಂದು ತಿಂಗಳು ಮೊದಲೇ ಬಿಡಿಸಿಕೊಳ್ಳಲು ಮ್ಯಾಡ್ರಿಡ್ ಸುಮಾರು 1 ಕೋಟಿ ಯೂರೋ ಕೊಟ್ಟಿತೆಂದು ವರದಿಯಾಯಿತು. ಮೂವತ್ತು ದಿನಕ್ಕೂ ಬೆಲೆ ಇದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ಉದಾಹರಣೆ ಸಿಗದು. 2001ರಲ್ಲಿ ಸೋಲ್ ಕ್ಯಾಂಪ್‌ಬೆಲ್ ಟಾಟನ್‌ಹ್ಯಾಮ್‌ನಿಂದ ಎದುರಾಳಿ ಆರ್ಸೆನಲ್‌ಗೆ ಹೀಗೇ ಹೋದಾಗ ಎದ್ದ ಸಿಟ್ಟು ಇನ್ನೂ ಆರಿಲ್ಲ.

ಗೇಹಿಯ ಪ್ರಕರಣವನ್ನು ಇವುಗಳ ಸಾಲಿಗೆ ಸೇರಿಸುವುದು ಸರಿಯಲ್ಲ. ಅವರು ಸಹಿ ಹಾಕಿದ ಐದು ವರ್ಷದಲ್ಲಿ ನಾಲ್ಕೂವರೆ ಆಡಿದರು, ಕಪ್ ಗೆದ್ದುಕೊಟ್ಟರು, ಹೋಗುವಾಗ ಕೊಂಡದ್ದಕ್ಕಿಂತ ಹೆಚ್ಚು ಹಣವನ್ನೂ ತಂದುಕೊಟ್ಟರು. ಸೆಂಟರ್ ಬ್ಯಾಕ್‌ಗೆ 25ರಿಂದ 31ರ ನಡುವಿನ ಕರಾರೇ ಜೀವನದ ದೊಡ್ಡ ಕರಾರು. 30 ದಾಟಿದವರಿಗೆ ಬಹುಪಾಲು ಕ್ಲಬ್‌ಗಳು ಒಂದೊಂದೇ ವರ್ಷ ಬರೆದುಕೊಡುತ್ತವೆ. ಆ ಒಂದು ಸಹಿಯನ್ನು ಎಲ್ಲಿ ಹಾಕಬೇಕೆಂದು ಯೋಚಿಸುವ ಹಕ್ಕು ಆಟಗಾರನದು. ಅಪಾಯವೂ ಅವರದೇ: ಕೊನೆಯ ವರ್ಷದಲ್ಲಿ ಮಂಡಿಯ ಸ್ನಾಯುರಜ್ಜು ಹರಿದಿದ್ದರೆ ಕರಾರೂ ಇಲ್ಲ, ಕ್ಲಬ್ಬೂ ಇಲ್ಲ.

ಮುಂದೆ ಬದಲಾಗುವುದೇನು?

2026–27ರಿಂದ ಪ್ರೀಮಿಯರ್ ಲೀಗ್ ನಷ್ಟದ ಮಿತಿಯ ಬದಲು ತಂಡದ ವೆಚ್ಚದ ಅನುಪಾತವನ್ನು ತರುತ್ತಿದೆ. ಸಂಬಳ, ವರ್ಗಾವಣೆ ಮೊತ್ತದ ವಾರ್ಷಿಕ ಪಾಲು, ಏಜೆಂಟರ ಕಮಿಷನ್ ಸೇರಿ, ಫುಟ್‌ಬಾಲ್ ಆದಾಯ ಮತ್ತು ಮಾರಾಟದ ನಿವ್ವಳ ಲಾಭದ 85 ಪ್ರತಿಶತ ಮೀರುವಂತಿಲ್ಲ. ಯುರೋಪ್ ಆಡುವ ಕ್ಲಬ್‌ಗಳಿಗೆ ಯುಇಎಫ್‌ಎಯ 70 ಪ್ರತಿಶತದ ಮಿತಿ ಈಗಾಗಲೇ ಇದೆ. ಇದರಿಂದ ಆಗಬಹುದಾದ ಪರಿಣಾಮ ಎರಡು ಬಗೆ. ಮಾರಾಟದ ಲಾಭ ಈಗಲೂ ಲೆಕ್ಕಕ್ಕೆ ಬರುವುದರಿಂದ ಸ್ವಂತ ಅಕಾಡೆಮಿಯ ಹುಡುಗರನ್ನು ಮಾರುವ ಒತ್ತಡ ನಿಲ್ಲುವುದಿಲ್ಲ. ಇನ್ನೊಂದು ಕಡೆ, ಸಂಬಳ ನೇರವಾಗಿ ಮಿತಿಯೊಳಗೆ ಬರುವುದರಿಂದ ಪ್ಯಾಲೇಸ್‌ನಂಥ ಮಧ್ಯಮ ಆದಾಯದ ಕ್ಲಬ್‌ಗಳಿಗೆ ನಾಯಕನೊಬ್ಬನ ಸಂಬಳ ದುಪ್ಪಟ್ಟು ಮಾಡಿ ಕರಾರು ಮುಂದುವರಿಸುವುದು ಇನ್ನೂ ಕಷ್ಟವಾಗಲಿದೆ. ಹಾಗಾದರೆ ಎರಡು ವರ್ಷ ಬಾಕಿ ಇರುವಾಗಲೇ ಮಾರುವ ಕ್ಲಬ್‌ಗಳು ಹೆಚ್ಚಬೇಕು, ಕರಾರಿನಲ್ಲಿ ಬಿಡುಗಡೆ ಮೊತ್ತ ಬರೆದುಕೊಡುವುದೂ ಸಾಮಾನ್ಯವಾಗಬೇಕು.

2024ರ ಅಕ್ಟೋಬರ್‌ನಲ್ಲಿ ಲಸಾನ ಡಿಯಾರಾ ಪ್ರಕರಣದಲ್ಲಿ ಯುರೋಪಿನ ನ್ಯಾಯಾಲಯ, ಕರಾರು ಮುರಿದ ಆಟಗಾರನ ಮೇಲೂ ಆತನನ್ನು ಸೇರಿಸಿಕೊಳ್ಳುವ ಹೊಸ ಕ್ಲಬ್ ಮೇಲೂ ಫಿಫಾ ಹೇರುತ್ತಿದ್ದ ಕೆಲವು ಕಠಿಣ ಷರತ್ತುಗಳು ಕಾನೂನಿಗೆ ವಿರುದ್ಧ ಎಂದಿತು. ಬ್ರಿಟನ್ ಈಗ ಒಕ್ಕೂಟದಲ್ಲಿಲ್ಲ. ಆದರೆ ಫಿಫಾ ನಿಯಮ ಎಲ್ಲರಿಗೂ ಒಂದೇ ಆದ್ದರಿಂದ ಅದರ ತಿದ್ದುಪಡಿ ಇಂಗ್ಲೆಂಡ್‌ಗೂ ತಟ್ಟುತ್ತದೆ. ಕರಾರು ನಡುವೆಯೇ ಹೊರಬರುವುದು ಅಗ್ಗವಾದಷ್ಟೂ ವರ್ಗಾವಣೆ ಮೊತ್ತಗಳು ಕೆಳಗಿಳಿಯುತ್ತವೆ.

ಗೇಹಿಯ ಹೊಸ ಕರಾರು 2031ರ ಬೇಸಿಗೆಗೆ ಮುಗಿಯುತ್ತದೆ. ಆಗ ಅವರಿಗೆ 31 ತುಂಬಲು ಎರಡು ವಾರವಷ್ಟೇ ಬಾಕಿ ಇರುತ್ತದೆ. ಎರಡು ವರ್ಷ ಬಾಕಿ ಉಳಿಯುವುದು 2029ರ ಬೇಸಿಗೆಯಲ್ಲಿ. ಮುಂದುವರಿಸುವುದೋ ಮಾರುವುದೋ ಎಂದು ಸಿಟಿ ಅಂದೇ ತೀರ್ಮಾನಿಸಬೇಕಾಗುತ್ತದೆ, ಪ್ಯಾಲೇಸ್ 2024ರ ಆಗಸ್ಟ್‌ನಲ್ಲಿ ತೀರ್ಮಾನಿಸಬೇಕಿದ್ದ ಹಾಗೆ.